ನಿಧಾನವಾಗಿ ಹೋಗುವುದೇ ಅಪರಾಧವಾಗಿದ್ದ ಬೀದಿಗಳು

ಕ್ಯಾಲಿಫೋರ್ನಿಯಾದ ವಾಹನ ಸಂಹಿತೆಯಲ್ಲಿ 24008 ಎಂಬ ಕಲಮೊಂದಿತ್ತು. ಕಾರಿನ ಮೂಲ ವಿನ್ಯಾಸವನ್ನು ಬದಲಿಸಿ, ಚಕ್ರ ಬಿಟ್ಟು ಅದರ ಬೇರಾವುದೇ ಭಾಗ ರಿಮ್ಮಿನ ಕೆಳ ಅಂಚಿಗಿಂತಲೂ ತಗ್ಗಿಗೆ ಬರುವಂತೆ ಮಾಡಿದ್ದರೆ ಅದನ್ನು ರಸ್ತೆಗೆ ಇಳಿಸುವಂತಿಲ್ಲ ಎಂಬುದು ಅದರ ಸಾರ. 1950ರ ದಶಕದ ಕೊನೆಗೆ ಬಂದ ಈ ಕಲಮು 2023ರ ಕೊನೆಯ ದಿನದವರೆಗೂ ಊರ್ಜಿತದಲ್ಲಿತ್ತು. ಮೇಲುನೋಟಕ್ಕೆ ಇದರಲ್ಲಿ ತಪ್ಪು ಹುಡುಕುವುದು ಕಷ್ಟ. ಟೈರಿನ ಗಾಳಿ ಹೋದರೆ ಅಷ್ಟು ತಗ್ಗಾದ ಕಾರು ನೆಲಕ್ಕೆ ಕೂರುತ್ತದೆ, ತಿರುವಿನಲ್ಲಿ ಹಿಡಿತ ತಪ್ಪುತ್ತದೆ, ಸುರಕ್ಷತೆಗಾಗಿ ಒಂದು ನಿಯಮ ಬೇಕಲ್ಲವೇ ಎಂದು ಯಾರಿಗಾದರೂ ಅನ್ನಿಸುತ್ತದೆ. ಆದರೆ ಆರು ದಶಕಗಳ ಕಾಲ ಪೊಲೀಸರು ಅಳತೆ ಹಿಡಿದು ಬಗ್ಗಿ ನೋಡಿದ್ದು ಮುಖ್ಯವಾಗಿ ಯಾರ ಕಾರುಗಳ ಕೆಳಗೆ ಎಂದು ಕೇಳಿದರೆ, ನಿಯಮದ ಇನ್ನೊಂದು ಮುಖ ಕಾಣತೊಡಗುತ್ತದೆ.

ರಾಜ್ಯಪಾಲ ಗ್ಯಾವಿನ್ ನ್ಯೂಸಮ್ 2023ರ ಅಕ್ಟೋಬರಿನಲ್ಲಿ ಸಹಿ ಹಾಕಿದ ಎಬಿ 436 ಎಂಬ ಮಸೂದೆ ಈ ಕಲಮನ್ನು ಕಿತ್ತುಹಾಕಿತು. ಅದರ ಜೊತೆಗೇ, ಬೀದಿಯಲ್ಲಿ ಕಾರುಗಳು ನಿಧಾನವಾಗಿ ಸುತ್ತು ಹಾಕುವುದನ್ನು ನಿಷೇಧಿಸಲು ನಗರಾಡಳಿತಗಳಿಗೆ ಇದ್ದ ಅಧಿಕಾರವನ್ನೂ ತೆಗೆದುಹಾಕಿತು. ಮಸೂದೆ ಮಂಡಿಸಿದವರು ಸ್ಯಾನ್ ಡಿಯಾಗೊ ಭಾಗದ ಶಾಸಕ ಡೇವಿಡ್ ಅಲ್ವಾರೆಜ್. 2025ರ ಸೆಪ್ಟೆಂಬರಿನಲ್ಲಿ ವಾಷಿಂಗ್ಟನ್ನಿನ ಸ್ಮಿತ್‌ಸೋನಿಯನ್ ಸಂಸ್ಥೆಯ ಅಮೆರಿಕನ್ ಇತಿಹಾಸ ವಸ್ತುಸಂಗ್ರಹಾಲಯ, ಲೋರೈಡರ್ ಎಂದು ಕರೆಯುವ ಇಂಥ ತಗ್ಗಿಸಿದ, ಸಿಂಗರಿಸಿದ ಕಾರುಗಳ ಬಗ್ಗೆಯೇ ಪ್ರದರ್ಶನವೊಂದನ್ನು ತೆರೆಯಿತು. 2026ರ ಅಂಚೆಚೀಟಿಗಳಲ್ಲಿ ಲೋರೈಡರ್ ಕಾರುಗಳೂ ಇರುತ್ತವೆ ಎಂದು ಅಮೆರಿಕದ ಅಂಚೆ ಇಲಾಖೆ ಪ್ರಕಟಿಸಿತು. ದಂಡದ ಚೀಟಿಯಿಂದ ಅಂಚೆಚೀಟಿಯವರೆಗಿನ ಈ ದಾರಿ ನೇರವಾದುದಲ್ಲ. ಕಾರಿಗೆ ಸಿಕ್ಕ ಮನ್ನಣೆ ಅದನ್ನು ಓಡಿಸುವವರಿಗೂ ಸಿಕ್ಕಿದೆಯೇ ಎಂಬುದು ಇನ್ನೂ ಇತ್ಯರ್ಥವಾಗಿಲ್ಲ.

ಕತೆಯ ಮೂಲ ಎರಡನೇ ಮಹಾಯುದ್ಧದ ಆಸುಪಾಸಿನದು. ಅಮೆರಿಕದ ನೈಋತ್ಯ ಭಾಗದ ಬಹುಪಾಲು 1848ರವರೆಗೆ ಮೆಕ್ಸಿಕೊ ದೇಶದ್ದೇ ಆಗಿತ್ತು. ಅಲ್ಲಿ ತಲೆಮಾರುಗಳಿಂದ ಇದ್ದವರೂ, ಆಮೇಲೆ ಹೊಲಗದ್ದೆ ಮತ್ತು ಕಾರ್ಖಾನೆಗಳ ಕೆಲಸಕ್ಕೆಂದು ಗಡಿ ದಾಟಿ ಬಂದವರೂ ಸೇರಿ ರೂಪುಗೊಂಡ ಮೆಕ್ಸಿಕನ್ ಮೂಲದ ಸಮುದಾಯದ ಕತೆಯಿದು. ಇವರ ಮಕ್ಕಳು ಅಮೆರಿಕದಲ್ಲೇ ಹುಟ್ಟಿದವರಾದರೂ ಶಾಲೆ, ಈಜುಕೊಳ, ಸಿನಿಮಾ ಮಂದಿರಗಳಲ್ಲಿ ಎರಡನೇ ದರ್ಜೆಯವರು. 1960ರ ದಶಕದಲ್ಲಿ ಹಕ್ಕುಗಳ ಚಳವಳಿ ಕಾವೇರಿದಾಗ ಅವರಲ್ಲಿ ಅನೇಕರು ತಮ್ಮನ್ನು ಚಿಕಾನೊ ಎಂದು ಕರೆದುಕೊಂಡರು.

ಕಾರಿಗಿಂತ ಮೊದಲು ಗಲಾಟೆಯಾದದ್ದು ಬಟ್ಟೆಯ ವಿಷಯಕ್ಕೆ. 1940ರ ದಶಕದ ಆರಂಭದಲ್ಲಿ ಲಾಸ್ ಏಂಜಲೀಸ್‌ನ ಮೆಕ್ಸಿಕನ್ ಮೂಲದ ಯುವಕರು ಮೊಣಕಾಲಿಗೆ ಬರುವ ಕೋಟು, ಅಗಲವಾದ ಹೆಗಲು, ಪಾದದ ಬಳಿ ಬಿಗಿಯಾಗುವ ದೊಗಳೆ ಪ್ಯಾಂಟು ಹಾಕಿಕೊಂಡು ಬೀದಿಗೆ ಬರುತ್ತಿದ್ದರು. ಯುದ್ಧಕಾಲದಲ್ಲಿ ಬಟ್ಟೆಗೆ ಪಡಿತರದ ನಿರ್ಬಂಧವಿದ್ದಾಗ ಅಷ್ಟು ಗಜ ಬಟ್ಟೆ ಉಡುವುದು ದೇಶದ್ರೋಹ ಎಂದು ಪತ್ರಿಕೆಗಳು ಬರೆದವು. 1943ರ ಜೂನ್‌ನಲ್ಲಿ ನೌಕಾಪಡೆಯ ಸೈನಿಕರು ಗುಂಪುಗಟ್ಟಿಕೊಂಡು ಬಂದು ಈ ಹುಡುಗರನ್ನು ಟ್ರಾಮಿನಿಂದ, ಸಿನಿಮಾ ಮಂದಿರಗಳಿಂದ ಎಳೆದು ಹೊಡೆದರು, ಬಟ್ಟೆ ಹರಿದರು. ಪೊಲೀಸರು ಬಂಧಿಸಿದ್ದು ಹೆಚ್ಚಾಗಿ ಪೆಟ್ಟು ತಿಂದವರನ್ನು. ಆ ಉಡುಪನ್ನೇ ನಿಷೇಧಿಸಬೇಕೆಂದು ನಗರಸಭೆ ನಿರ್ಣಯವನ್ನೂ ಅಂಗೀಕರಿಸಿತು. ಅಂದವಾಗಿ ಕಾಣಿಸಿಕೊಳ್ಳುವ ಬಡ ಹುಡುಗನನ್ನು ಕಂಡರೆ ಆಡಳಿತಕ್ಕೆ ಯಾಕೆ ಅಷ್ಟು ಸಿಟ್ಟು ಬರುತ್ತದೆ ಎನ್ನುವುದು ಪ್ರತ್ಯೇಕ ಲೇಖನದ ವಿಷಯ. ಇಲ್ಲಿ ಗಮನಿಸಬೇಕಾದ್ದು ಇಷ್ಟೇ: ಕಾರಿನ ಎತ್ತರದ ಕಾನೂನು ಬರುವುದಕ್ಕೆ ಒಂದೂವರೆ ದಶಕದ ಮೊದಲೇ ಅದರ ತಾಲೀಮು ನಡೆದುಹೋಗಿತ್ತು.

ಯುದ್ಧ ಮುಗಿದು ಸೈನಿಕರು ಮನೆಗೆ ಮರಳಿದರು. ಕಾರ್ಖಾನೆಗಳಲ್ಲಿ ದುಡಿದವರ ಕೈಯಲ್ಲಿ ಒಂದಿಷ್ಟು ಹಣ ಓಡಾಡತೊಡಗಿತು. ಅನುಕೂಲಸ್ಥರು ಹೊಸ ಕಾರು ಕೊಂಡಾಗ ಅವರ ಹಳೆಯ ಷೆವ್ರೊಲೆಗಳು ಅಗ್ಗಕ್ಕೆ ಮಾರಾಟಕ್ಕೆ ಬಂದವು. ಅದೇ ಕಾಲದಲ್ಲಿ ಬಿಳಿಯ ಹುಡುಗರ ಹುಚ್ಚು ಹಾಟ್ ರಾಡ್: ಹಳೆಯ ಫೋರ್ಡಿನಿಂದ ಮಡ್‌ಗಾರ್ಡು, ಬಂಪರು ಎಲ್ಲ ಕಿತ್ತು, ಹಗುರ ಮಾಡಿ, ಬತ್ತಿದ ಕೆರೆಯಂಗಳಗಳಲ್ಲಿ ವೇಗಕ್ಕೆ ಬಿಡುವುದು. ಪೂರ್ವ ಲಾಸ್ ಏಂಜಲೀಸ್‌ನ ಹುಡುಗರು ಇದನ್ನು ತಿರುವುಮುರುವು ಮಾಡಿದರು. ಕ್ರೋಮ್ ಕೀಳಲಿಲ್ಲ, ಇನ್ನಷ್ಟು ಸೇರಿಸಿದರು. ಹಗುರ ಮಾಡಲಿಲ್ಲ, ಡಿಕ್ಕಿಯಲ್ಲಿ ಮರಳಿನ ಮೂಟೆಯನ್ನೋ ಸಿಮೆಂಟಿನ ಚೀಲವನ್ನೋ ಇಟ್ಟು ಹಿಂಭಾಗ ಕೆಳಗಿಳಿಯುವಂತೆ ಮಾಡಿದರು. ಆಮೇಲೆ ಸ್ಪ್ರಿಂಗಿನ ಸುರುಳಿಗಳನ್ನೇ ಕತ್ತರಿಸತೊಡಗಿದರು. 'ಬಹೀತೊ ಇ ಸುವಾವೆಸೀತೊ', ಅಂದರೆ ತಗ್ಗಾಗಿ, ನಯವಾಗಿ, ಎನ್ನುವುದು ಅವರ ಮಾತು. ಎಂಜಿನ್ ಎಷ್ಟು ಕುದುರೆಶಕ್ತಿಯದು ಎಂದು ಅಲ್ಲಿ ಯಾರೂ ಕೇಳುತ್ತಿರಲಿಲ್ಲ.

ಮೊದಲು ಮಾಡಿದ್ದು ಯಾರು ಎಂಬ ಜಗಳ ಇಂದಿಗೂ ಬಗೆಹರಿದಿಲ್ಲ. ನ್ಯೂ ಮೆಕ್ಸಿಕೊದ ಎಸ್ಪನ್ಯೋಲಾ ಎಂಬ ಸಣ್ಣ ಊರು ತನ್ನನ್ನು ಜಗತ್ತಿನ ಲೋರೈಡರ್ ರಾಜಧಾನಿ ಎಂದು ಕರೆದುಕೊಳ್ಳುತ್ತದೆ, ಟೆಕ್ಸಾಸಿನ ಎಲ್ ಪಾಸೊದವರೂ ಸುಮ್ಮನಿರುವವರಲ್ಲ. ದಕ್ಷಿಣ ಲಾಸ್ ಏಂಜಲೀಸ್‌ನ ಕಪ್ಪು ಸಮುದಾಯದ ಪಾಲೂ ಇದರಲ್ಲಿ ದೊಡ್ಡದು. ಕ್ರೆನ್ಷಾ ಬುಲೆವಾರ್ಡ್ ಅವರ ಬೀದಿ. ಲೋರೈಡರ್ ಎಂದರೆ ಚಿಕಾನೊ ಎಂದಷ್ಟೇ ಬರೆದು ಮುಗಿಸಿದರೆ ಅವರಿಗೆ ಅನ್ಯಾಯವಾಗುತ್ತದೆ.

ಕಲಮು 24008 ಬಂದ ಮೇಲೆ ಕತ್ತರಿಸಿದ ಸ್ಪ್ರಿಂಗಿನ ಕಾರುಗಳೆಲ್ಲ ದಂಡದ ಚೀಟಿಗೆ ಸಿಕ್ಕಿಬಿದ್ದವು. ಕತ್ತರಿಸಿದ ಸ್ಪ್ರಿಂಗನ್ನು ಪೊಲೀಸ್ ಕಂಡಾಗ ಮತ್ತೆ ಬೆಳೆಸಲು ಬರುವುದಿಲ್ಲವಲ್ಲ. ಚಾಪೆ ಕೆಳಗೆ ತೂರಿದರೆ ರಂಗೋಲಿ ಕೆಳಗೆ ನುಸುಳುವ ಬುದ್ಧಿ ಇಲ್ಲಿ ಕೆಲಸ ಮಾಡಿತು. ಸ್ಯಾನ್ ಬರ್ನಾರ್ಡಿನೊ ಕಡೆಯ ರಾನ್ ಅಗಿರೆ ಎಂಬ ಯುವಕ 1959ರಲ್ಲಿ ತನ್ನ ಕಾರ್ವೆಟ್ ಕಾರಿಗೆ ಯುದ್ಧವಿಮಾನಗಳ ಹಳೆಯ ಹೈಡ್ರಾಲಿಕ್ ಪಂಪು, ಕವಾಟಗಳನ್ನು ಜೋಡಿಸಿದ. ಸ್ವಿಚ್ ಒತ್ತಿದರೆ ಕಾರು ಏಳುತ್ತದೆ, ಇನ್ನೊಮ್ಮೆ ಒತ್ತಿದರೆ ಕೂರುತ್ತದೆ. ಪೊಲೀಸ್ ಕಂಡಾಗ ಎದ್ದು ಕಾನೂನಿನ ಅಳತೆಗೆ ಸರಿಯಾಗಿ ನಿಲ್ಲುವುದು, ಅವರು ಅತ್ತ ಹೋದೊಡನೆ ಮತ್ತೆ ತಗ್ಗುವುದು. ಜಗತ್ತಿನಾದ್ಯಂತ ವಿಡಿಯೊಗಳಲ್ಲಿ ಕುಣಿಯುವ, ಮೂರೇ ಚಕ್ರದಲ್ಲಿ ನಿಲ್ಲುವ, ಮೂತಿ ಎತ್ತಿ ಜಿಗಿಯುವ ಕಾರುಗಳ ತಂತ್ರವೆಲ್ಲ ದಂಡ ತಪ್ಪಿಸಿಕೊಳ್ಳುವ ಈ ಉಪಾಯದಿಂದ ಬೆಳೆದದ್ದು.

ಈ ವ್ಯವಸ್ಥೆ ಕೆಲಸ ಮಾಡುವ ಬಗೆಯನ್ನು ಸ್ವಲ್ಪ ಹತ್ತಿರದಿಂದ ನೋಡಬೇಕು. ಡಿಕ್ಕಿ ತೆರೆದರೆ ಸಾಮಾನು ಇಡಲು ಜಾಗವಿಲ್ಲ; ಸಾಲಾಗಿ ಜೋಡಿಸಿದ 12 ವೋಲ್ಟಿನ ಬ್ಯಾಟರಿಗಳು, ಅವುಗಳ ಪಕ್ಕ ಕ್ರೋಮ್ ಲೇಪಿಸಿದ ಪಂಪುಗಳು. ಪ್ರತಿ ಚಕ್ರದ ಸ್ಪ್ರಿಂಗಿನ ಜೊತೆಗೆ ಒಂದು ಸಿಲಿಂಡರ್. ಚಾಲಕ ಸ್ವಿಚ್ ಒತ್ತಿದಾಗ ವಿದ್ಯುತ್ ಪಂಪಿಗೆ ಹರಿಯುತ್ತದೆ, ಪಂಪು ಎಣ್ಣೆಯನ್ನು ಕೊಳವೆಯಲ್ಲಿ ದೂಡುತ್ತದೆ, ಎಣ್ಣೆಯ ಒತ್ತಡಕ್ಕೆ ಸಿಲಿಂಡರ್ ಚಾಚಿಕೊಂಡು ಆ ಮೂಲೆ ಮೇಲೇಳುತ್ತದೆ. ಇಳಿಸಲು ಪಂಪು ಬೇಕಿಲ್ಲ. ಕವಾಟ ತೆರೆದರೆ ಕಾರಿನ ಭಾರವೇ ಎಣ್ಣೆಯನ್ನು ತೊಟ್ಟಿಗೆ ವಾಪಸು ತಳ್ಳುತ್ತದೆ. ಬ್ಯಾಟರಿ ಹೆಚ್ಚಿದಷ್ಟೂ ಪಂಪಿನ ವೇಗ ಹೆಚ್ಚು, ಜಿಗಿತ ಎತ್ತರ. ಆದರೆ ಭಾರವೂ ಹೆಚ್ಚು. ಹೊಡೆತಕ್ಕೆ ಚಾಸಿ ಬಿರುಕು ಬಿಡುತ್ತದೆ, ಅದಕ್ಕೆ ಉಕ್ಕಿನ ಪಟ್ಟಿ ಕೂರಿಸಿ ಬೆಸುಗೆ ಹಾಕಬೇಕು. 1958ರಿಂದ 1964ರವರೆಗಿನ ಷೆವ್ರೊಲೆ ಇಂಪಾಲಾ ಇವರ ಪಟ್ಟದ ಕಾರು ಆದದ್ದಕ್ಕೆ ಅಂದ ಒಂದೇ ಕಾರಣವಲ್ಲ. ಆ ವರ್ಷಗಳ ಚಾಸಿ ಎಕ್ಸ್ ಆಕಾರದ್ದು, ಅಂಚಿನಲ್ಲಿ ಅಡ್ಡಪಟ್ಟಿ ಇಲ್ಲದ್ದರಿಂದ ದೇಹವನ್ನು ಚೆನ್ನಾಗಿ ತಗ್ಗಿಸಬಹುದಿತ್ತು. ಅದಕ್ಕೂ ಮೊದಲಿನ ಷೆವ್ರೊಲೆಗಳ ಹಿಂಬದಿಯಲ್ಲಿ ಪಟ್ಟಿ ಸ್ಪ್ರಿಂಗು ಇರುತ್ತಿತ್ತು. ಇದರಲ್ಲಿ ನಾಲ್ಕೂ ಕಡೆ ಸುರುಳಿ ಸ್ಪ್ರಿಂಗು, ಸಿಲಿಂಡರ್ ಕೂರಿಸಲು ಹೇಳಿ ಮಾಡಿಸಿದ ಜಾಗ.

ಕಾರು ಇದ್ದರೆ ಸಾಲದು, ನೋಡುವವರು ಬೇಕು. ಹೀಗಾಗಿ ಲೋರೈಡರ್ ಕತೆಯಲ್ಲಿ ಕಾರಿನಷ್ಟೇ ದೊಡ್ಡ ಪಾತ್ರ ಬೀದಿಯದು. ಪೂರ್ವ ಲಾಸ್ ಏಂಜಲೀಸ್‌ಗೆ ವಿಟಿಯರ್ ಬುಲೆವಾರ್ಡ್, ಸ್ಯಾನ್ ಹೊಸೆಗೆ ಸ್ಟೋರಿ ಮತ್ತು ಕಿಂಗ್ ರಸ್ತೆಗಳು, ಸ್ಯಾನ್ ಡಿಯಾಗೊ ಪಕ್ಕದ ನ್ಯಾಷನಲ್ ಸಿಟಿಗೆ ಹೈಲ್ಯಾಂಡ್ ಅವೆನ್ಯೂ. ವಾರಾಂತ್ಯದ ಸಂಜೆ ಕುಟುಂಬಗಳು ಕಾಲುದಾರಿಯಲ್ಲಿ ಕುರ್ಚಿ ಹಾಕಿಕೊಂಡು ಕೂರುವುದು, ಎದುರಿಗೆ ಕಾರುಗಳು ತೆವಳಿದಂತೆ ಸಾಗುವುದು, ತುದಿಯಲ್ಲಿ ತಿರುಗಿ ಮತ್ತೆ ಬರುವುದು. ಇದೇ ದಶಕಗಳಲ್ಲಿ ಈ ಬಡಾವಣೆಗಳನ್ನು ಸೀಳಿಕೊಂಡು ಹೆದ್ದಾರಿಗಳು ಎದ್ದವು. ಬಾಯ್ಲ್ ಹೈಟ್ಸ್ ಮತ್ತು ಪೂರ್ವ ಲಾಸ್ ಏಂಜಲೀಸ್ ಭಾಗದಲ್ಲಿ ನಾಲ್ಕಾರು ಹೆದ್ದಾರಿಗಳು ಗಂಟು ಬಿದ್ದವು. ಸ್ಯಾನ್ ಡಿಯಾಗೊದ ಬ್ಯಾರಿಯೊ ಲೋಗನ್ ಬಡಾವಣೆಯನ್ನು 1963ರಲ್ಲಿ ಅಂತರರಾಜ್ಯ ಹೆದ್ದಾರಿ 5 ಎರಡಾಗಿ ಕತ್ತರಿಸಿತು, 1969ರಲ್ಲಿ ಕೊರೊನಾಡೊ ಸೇತುವೆಯ ಕಂಬಗಳು ಉಳಿದ ಮನೆಗಳ ನಡುವೆ ನಿಂತವು. ಸೇತುವೆಯ ಕೆಳಗೆ ಉದ್ಯಾನ ಮಾಡುತ್ತೇವೆ ಎಂದಿದ್ದ ಜಾಗದಲ್ಲಿ ಹೆದ್ದಾರಿ ಪೊಲೀಸರ ಠಾಣೆಗೆ ಬುಲ್ಡೋಜರ್ ಬಂದಾಗ, 1970ರ ಏಪ್ರಿಲ್ 22ರಂದು ನಿವಾಸಿಗಳು ಜಾಗ ಆಕ್ರಮಿಸಿ ಕುಳಿತರು. ಅದೇ ಇಂದಿನ ಚಿಕಾನೊ ಪಾರ್ಕ್. ಕಂಬಗಳ ಮೇಲೆಲ್ಲ ಭಿತ್ತಿಚಿತ್ರಗಳು, ಪ್ರತಿ ವರ್ಷದ ಉತ್ಸವದಲ್ಲಿ ಅವುಗಳ ನಡುವೆ ಸಾಲುಗಟ್ಟಿ ನಿಲ್ಲುವ ಲೋರೈಡರ್‌ಗಳು. ಬೇರೆಯವರು ತಮ್ಮ ನೆತ್ತಿಯ ಮೇಲೆ ಗಂಟೆಗೆ ನೂರು ಕಿಲೋಮೀಟರ್ ವೇಗದಲ್ಲಿ ದಾಟಿಹೋಗಲೆಂದು ಮನೆ ಕಳೆದುಕೊಂಡ ಜನ, ಕೆಳಗೆ ತಮ್ಮ ಬೀದಿಯಲ್ಲಿ ಹತ್ತು ಕಿಲೋಮೀಟರ್ ವೇಗದಲ್ಲಿ ಸಾಗುವುದನ್ನು ಬರೀ ಷೋಕಿ ಎಂದು ಕರೆಯಲು ನನಗೆ ಮನಸ್ಸು ಬರುವುದಿಲ್ಲ.

ವಿಟಿಯರ್ ಬುಲೆವಾರ್ಡ್‌ಗೆ ಇನ್ನೊಂದು ನೆನಪೂ ಅಂಟಿಕೊಂಡಿದೆ. 1970ರ ಆಗಸ್ಟ್ 29ರಂದು ವಿಯೆಟ್ನಾಂ ಯುದ್ಧದ ವಿರುದ್ಧ ಇಪ್ಪತ್ತು ಸಾವಿರಕ್ಕೂ ಹೆಚ್ಚು ಚಿಕಾನೊಗಳು ಆ ಬೀದಿಯಲ್ಲಿ ಮೆರವಣಿಗೆ ಹೋದರು. ಷೆರಿಫ್‌ನ ಪಡೆ ಸಭೆಯನ್ನು ಚದುರಿಸಿತು. ಸಿಲ್ವರ್ ಡಾಲರ್ ಎಂಬ ಹೋಟೆಲಿನೊಳಗೆ ಕುಳಿತಿದ್ದ ಹೆಸರಾಂತ ಪತ್ರಕರ್ತ ರೂಬೆನ್ ಸಲಾಜಾರ್, ಪೊಲೀಸರು ಹಾರಿಸಿದ ಅಶ್ರುವಾಯು ಶೆಲ್ ತಲೆಗೆ ಬಡಿದು ಸತ್ತರು. ಅದೇ ಬೀದಿಯನ್ನು 1979ರಲ್ಲಿ ಷೆರಿಫ್ ಇಲಾಖೆ ಕಾರು ಸುತ್ತಾಟಕ್ಕೆ ಮುಚ್ಚಿತು.

ಆಮೇಲೆ ಒಂದೊಂದೇ ನಗರ ನಿಷೇಧ ತಂದಿತು: ಸ್ಯಾನ್ ಹೊಸೆ 1986ರಲ್ಲಿ, ನ್ಯಾಷನಲ್ ಸಿಟಿ 1992ರಲ್ಲಿ. ಈ ಕಾಯ್ದೆಗಳ ಒಕ್ಕಣೆ ವಿಚಿತ್ರ. ವೇಗ ಮಿತಿ ಮೀರಿದ್ದಕ್ಕೋ ಕುಡಿದದ್ದಕ್ಕೋ ಶಿಕ್ಷೆಯಲ್ಲ. ನಿಗದಿತ ಅವಧಿಯೊಳಗೆ ಒಂದೇ ಜಾಗವನ್ನು ಮತ್ತೆ ಮತ್ತೆ ದಾಟಿದರೆ ಅದೇ ತಪ್ಪು. ಮರೆತ ಹಾಲಿನ ಪೊಟ್ಟಣಕ್ಕಾಗಿ ಮತ್ತೆ ಅಂಗಡಿಗೆ ಹೋದವನೂ ತಾಂತ್ರಿಕವಾಗಿ ಅಪರಾಧಿ. ಹಾಗಾಗಿ ಯಾರನ್ನು ಹಿಡಿಯಬೇಕೆಂಬುದು ಪೂರ್ತಿ ಪೊಲೀಸರ ವಿವೇಚನೆಗೆ ಬಿಟ್ಟದ್ದು. ವಿವೇಚನೆ ಎಲ್ಲಿ ನೆಟ್ಟಿರುತ್ತದೆ ಎನ್ನುವುದು ಕಾರು ಮತ್ತು ಚಾಲಕನ ಬಣ್ಣ ನೋಡಿದರೆ ತಿಳಿಯುತ್ತಿತ್ತು.

ನಿಷೇಧದ ಸಮರ್ಥಕರ ವಾದವನ್ನೂ ತಳ್ಳಿಹಾಕುವಂತಿಲ್ಲ. 1970 ಮತ್ತು 80ರ ದಶಕಗಳಲ್ಲಿ ಗ್ಯಾಂಗುಗಳ ಹೊಡೆದಾಟ ನಿಜವಾಗಿಯೂ ಇತ್ತು, ವಾಹನ ದಟ್ಟಣೆಯಿಂದ ಅಂಗಡಿಗಳವರ ವ್ಯಾಪಾರ ಕೆಡುತ್ತಿತ್ತು. ಆದರೆ ಕಾರ್ ಕ್ಲಬ್ಬುಗಳು ಗ್ಯಾಂಗುಗಳಲ್ಲ ಎಂಬ ವ್ಯತ್ಯಾಸವನ್ನು ಆಡಳಿತ ಗುರುತಿಸಲು ಹೋಗಲಿಲ್ಲ. ಸದಸ್ಯರು ಕಾರಿನ ಹಿಂಬದಿಯ ಗಾಜಿನಲ್ಲಿ ತಮ್ಮ ಕ್ಲಬ್ಬಿನ ಹೆಸರು ಕೊರೆದ ಲೋಹದ ಫಲಕವನ್ನು ಇಟ್ಟುಕೊಳ್ಳುತ್ತಾರೆ. ಕಾರು ಗುಣಮಟ್ಟಕ್ಕೆ ತಕ್ಕಂತಿದ್ದರಷ್ಟೇ ಆ ಫಲಕ ಸಿಗುತ್ತದೆ, ಕ್ಲಬ್ಬಿಗೆ ಕೆಟ್ಟ ಹೆಸರು ತಂದರೆ ವಾಪಸು ಕೊಡಬೇಕು. 1962ರಲ್ಲಿ ರುಎಲಾಸ್ ಸಹೋದರರು ಕಟ್ಟಿದ ಡ್ಯೂಕ್ಸ್ ಕ್ಲಬ್ಬಿನಂಥವು ಸಮುದಾಯದ ಕೆಲಸಗಳಿಗೆ ಹಣ ಎತ್ತುತ್ತಿದ್ದವು. ಗ್ಯಾರೇಜಿನಲ್ಲಿ ಬೆಸುಗೆ ಕಲಿಯುತ್ತಾ ಸಂಜೆ ಕಳೆಯುವ ಹುಡುಗನಿಗೆ ಗ್ಯಾಂಗಿನಿಂದ ದೂರವಿರಲು ಅದೇ ಒಂದು ನೆಪ.

1977ರಲ್ಲಿ ಸ್ಯಾನ್ ಹೊಸೆಯ ಮೂವರು ವಿದ್ಯಾರ್ಥಿಗಳು ಆರಂಭಿಸಿದ 'ಲೋರೈಡರ್' ಪತ್ರಿಕೆ ಈ ಚೆದುರಿದ ಲೋಕಕ್ಕೆ ಒಂದು ಕನ್ನಡಿ ಕೊಟ್ಟಿತು. ಕಾರಿನ ಚಿತ್ರಗಳ ಜೊತೆ ಚಿಕಾನೊ ರಾಜಕೀಯ, ಪೊಲೀಸ್ ದೌರ್ಜನ್ಯ, ಇತಿಹಾಸವೂ ಅದರಲ್ಲಿತ್ತು. ಸ್ವಲ್ಪ ಕಾಲದಲ್ಲೇ ಮುಖಪುಟಕ್ಕೆ ಬಿಕಿನಿ ತೊಟ್ಟ ಹುಡುಗಿಯರು ಬಂದರು, ಮಾರಾಟ ಏರಿತು, ಮಹಿಳಾ ಓದುಗರ ಆಕ್ಷೇಪವೂ ಏರಿತು. ಈ ಸಂಸ್ಕೃತಿಯನ್ನು ಹೊಗಳುವವರು ಬಹುಮಟ್ಟಿಗೆ ಹಾರಿಸಿಬಿಡುವ ಪುಟವಿದು. ಹೆಂಗಸರು ತಾವೇ ಕಾರು ಕಟ್ಟಿ, ತಮ್ಮದೇ ಕ್ಲಬ್ಬು ಮಾಡಿಕೊಂಡದ್ದು 1970ರ ದಶಕದಿಂದಲೂ ಇದೆ. ಅವರ ಹೆಸರು ಮುಖಪುಟಕ್ಕೆ ಬರಲು ದಶಕಗಳೇ ಹಿಡಿದವು. ಪತ್ರಿಕೆಯ ಮುದ್ರಿತ ಆವೃತ್ತಿ 2019ರ ಕೊನೆಗೆ ನಿಂತಿತು.

ಈ ಲೋಕದ ಅತಿ ಪ್ರಸಿದ್ಧ ಕಾರು 'ಜಿಪ್ಸಿ ರೋಸ್'. ಇಂಪೀರಿಯಲ್ಸ್ ಕ್ಲಬ್ಬಿನ ಜೆಸ್ಸಿ ವಲಾಡೆಜ್ ಅವರ 1964ರ ಇಂಪಾಲಾ. ಅದಕ್ಕೂ ಮೊದಲು ಅದೇ ಹೆಸರಿನಲ್ಲಿ 1963ರ ಇಂಪಾಲಾ ಒಂದಿತ್ತು, ದಾಳಿಯೊಂದರಲ್ಲಿ ಅದು ಹಾಳಾದ ಮೇಲೆ ಇದನ್ನು ಕಟ್ಟಿದರು. ಗುಲಾಬಿ ಬಣ್ಣದ ಮೈ ತುಂಬ ವಾಲ್ಟ್ ಪ್ರೇ ಕೈಯಿಂದ ಬಿಡಿಸಿದ ಗುಲಾಬಿ ಹೂಗಳು, ಒಳಗೆ ಗುಲಾಬಿ ಮಖಮಲ್ಲು, ತಿರುಗುವ ಆಸನ, ಪುಟ್ಟ ತೂಗುದೀಪ. ಇಂಥ ಬಣ್ಣವನ್ನು ಕ್ಯಾಂಡಿ ಬಣ್ಣ ಎನ್ನುತ್ತಾರೆ. ಮೊದಲು ಬೆಳ್ಳಿ ಅಥವಾ ಚಿನ್ನದ ಹೊಳಪಿನ ತಳ ಬಳಿದು, ಅದರ ಮೇಲೆ ಪಾರದರ್ಶಕ ಬಣ್ಣವನ್ನು ಪದರಪದರವಾಗಿ ಸಿಂಪಡಿಸುತ್ತಾರೆ. ಬೆಳಕು ಬಣ್ಣದೊಳಗೆ ಇಳಿದು ತಳಕ್ಕೆ ತಾಗಿ ಹಿಂದಿರುಗುವುದರಿಂದ ಆಳವಿದ್ದಂತೆ ಕಾಣುತ್ತದೆ. ಪ್ರತಿ ಪದರಕ್ಕೂ ಬಣ್ಣ ಗಾಢವಾಗುವುದರಿಂದ ಕೈ ಒಂದು ಕಡೆ ಅರೆಕ್ಷಣ ಹೆಚ್ಚು ನಿಂತರೂ ಅಲ್ಲಿ ಕಲೆ ಬೀಳುತ್ತದೆ, ಆ ತುಂಡನ್ನಷ್ಟೇ ತಿದ್ದಲು ಬರುವುದಿಲ್ಲ. ಇಡೀ ಭಾಗವನ್ನು ಉಜ್ಜಿ ಮೊದಲಿನಿಂದ ಹಿಡಿಯಬೇಕು. ವಲಾಡೆಜ್ 2011ರಲ್ಲಿ ತೀರಿಕೊಂಡರು. 2017ರಲ್ಲಿ ಅವರ ಕಾರು ಅಮೆರಿಕದ ರಾಷ್ಟ್ರೀಯ ಐತಿಹಾಸಿಕ ವಾಹನಗಳ ಪಟ್ಟಿಗೆ ಸೇರಿ, ಗಾಜಿನ ಪೆಟ್ಟಿಗೆಯೊಳಗೆ ವಾಷಿಂಗ್ಟನ್ನಿನ ನ್ಯಾಷನಲ್ ಮಾಲ್‌ನಲ್ಲಿ ನಿಂತಿತು.

ಮನಸ್ಸಿಗೆ ಹೆಚ್ಚು ತಾಗುವುದು ಇನ್ನೊಂದು ಕಾರು. ನ್ಯೂ ಮೆಕ್ಸಿಕೊದ ಚಿಮಾಯೊ ಎಂಬ ಯಾತ್ರಾಸ್ಥಳದ ಡೇವ್ ಎಂಬ ಯುವಕ 1969ರ ಫೋರ್ಡ್ ಎಲ್‌ಟಿಡಿ ಒಂದನ್ನು ಅಣಿಗೊಳಿಸುತ್ತಿದ್ದ. 1978ರಲ್ಲಿ ಅಪಘಾತದಲ್ಲಿ ಸತ್ತ. ಅವನ ಹೆಂಡತಿ, ಬಂಧುಗಳು, ಗೆಳೆಯರು ಕೆಲಸ ಮುಂದುವರಿಸಿ, ಕಾರಿನ ಮೈಮೇಲೆ ಅವನ ಕುಟುಂಬದ ಚಿತ್ರ ಬರೆಸಿ, 'ಡೇವ್‌ನ ಕನಸು' ಎಂದು ಹೆಸರಿಟ್ಟರು. 1990ರಲ್ಲಿ ಸ್ಮಿತ್‌ಸೋನಿಯನ್ ಅದನ್ನು ಕೊಂಡಿತು. ಗ್ವಾಡಲೂಪೆ ಮಾತೆ, ಅಜ್ಟೆಕ್ ಯೋಧ, ಸತ್ತ ಅಪ್ಪ ಅಥವಾ ತಮ್ಮನ ಮುಖ: ಕಾರಿನ ಬಾನೆಟ್ಟಿಗೆ ಇವೆಲ್ಲ ಏಕೆ ಬರುತ್ತವೆ ಎಂದು ಕೇಳುವವರಿಗೆ ಈ ಒಂದು ಕಾರು ಸಾಕು. ಮನೆ ಬಾಡಿಗೆಯದಾಗಿರಬಹುದು, ಬಡಾವಣೆ ನಾಳೆ ಹೆದ್ದಾರಿಯ ಪಾಲಾಗಬಹುದು. ಸ್ವಂತದ್ದೆಂದು ಚಿತ್ರ ಬರೆಸಬಲ್ಲ ಗೋಡೆ ಇದೊಂದೇ.

ಈಗ ವರ್ತಮಾನಕ್ಕೆ ಬರೋಣ. ಸ್ಯಾಕ್ರಮೆಂಟೊ ಮತ್ತು ಸ್ಯಾನ್ ಹೊಸೆ 2022ರಲ್ಲೇ ನಿಷೇಧ ಹಿಂತೆಗೆದವು, ನ್ಯಾಷನಲ್ ಸಿಟಿ 2023ರಲ್ಲಿ. ಹಳೆಯ ವಿರೋಧಿಗಳು ಈಗ ಎತ್ತುವ ಆತಂಕ ಬೇರೆ: ರಾತ್ರಿ ಹೊತ್ತು ಅಡ್ಡರಸ್ತೆಗಳನ್ನು ಕಟ್ಟಿ ಟೈರು ಸುಡುವಂತೆ ಗಿರಕಿ ಹೊಡೆಸುವ ಗುಂಪುಗಳು. ಅದಕ್ಕೂ ಲೋರೈಡರ್‌ಗೂ ಸಂಬಂಧವಿಲ್ಲ. ವರ್ಷಗಟ್ಟಲೆ ದುಡಿದು ಬಣ್ಣ ಬಳಿದ ಕಾರನ್ನು ಯಾರೂ ಗುಂಪಿನ ನಡುವೆ ಗಿರಕಿ ಹೊಡೆಸುವುದಿಲ್ಲ. ರಸ್ತೆ ತಡೆ, ಅಪಾಯಕಾರಿ ಚಾಲನೆಗೆ ಬೇರೆ ಕಲಮುಗಳು ಹಾಗೆಯೇ ಇವೆ, ಅವನ್ನು ಬಳಸಲು ಯಾರ ಅಡ್ಡಿಯೂ ಇಲ್ಲ.

ಹೆಚ್ಚು ಗಂಭೀರವಾದದ್ದು ಬೇರೆ. 2025ರ ಬೇಸಿಗೆಯಲ್ಲಿ ಒಕ್ಕೂಟ ಸರ್ಕಾರದ ವಲಸೆ ಅಧಿಕಾರಿಗಳು ಲಾಸ್ ಏಂಜಲೀಸ್‌ನಲ್ಲಿ ದೊಡ್ಡ ಪ್ರಮಾಣದ ದಾಳಿ ನಡೆಸಿದರು. ಮುಖ ಚಹರೆ, ಸ್ಪ್ಯಾನಿಷ್ ಮಾತು, ಮಾಡುವ ಕೆಲಸ, ನಿಂತಿರುವ ಜಾಗ ಇಷ್ಟನ್ನೇ ಆಧರಿಸಿ ಜನರನ್ನು ತಡೆಯಕೂಡದು ಎಂದು ಜುಲೈಯಲ್ಲಿ ಜಿಲ್ಲಾ ನ್ಯಾಯಾಲಯ ತಾತ್ಕಾಲಿಕ ಆದೇಶ ಕೊಟ್ಟಿತು. ಅಂಥ ಜಾಗಗಳಿಗೆ ಆದೇಶದಲ್ಲಿ ಕೊಟ್ಟ ಉದಾಹರಣೆಗಳಲ್ಲಿ ಕಾರು ತೊಳೆಯುವ ಕೇಂದ್ರವೂ ಒಂದು. ಸೆಪ್ಟೆಂಬರ್ 8ರಂದು ಸುಪ್ರೀಂ ಕೋರ್ಟಿನ ಬಹುಮತ ಆ ಆದೇಶಕ್ಕೆ ತಡೆ ನೀಡಿತು. ಲೋರೈಡರ್ ಪ್ರದರ್ಶನ ವಾಷಿಂಗ್ಟನ್ನಿನಲ್ಲಿ ತೆರೆದದ್ದೂ ಅದೇ ತಿಂಗಳು. ಇದನ್ನು ಯಾರೂ ಬೇಕೆಂದು ಹೊಂದಿಸಿದ್ದಲ್ಲ, ಬೇರೆ ಬೇರೆ ಸಂಸ್ಥೆಗಳ ಬೇರೆ ಬೇರೆ ನಿರ್ಧಾರಗಳು. ಆದರೂ ಎರಡನ್ನೂ ಒಟ್ಟಿಗಿಟ್ಟು ನೋಡದೆ ಇರಲಾಗದು. ಕಾರಿನ ಎತ್ತರ ನೋಡಿ ಅನುಮಾನಿಸುವ ಕಾನೂನನ್ನು ರಾಜ್ಯ ಅಳಿಸಿತು, ಚಾಲಕನ ಚಹರೆ ನೋಡಿ ಅನುಮಾನಿಸುವುದಕ್ಕೆ ದೇಶದ ಉನ್ನತ ನ್ಯಾಯಾಲಯ ಸದ್ಯಕ್ಕೆ ದಾರಿ ಬಿಟ್ಟಿತು. ವಸ್ತುಸಂಗ್ರಹಾಲಯದ ಮನ್ನಣೆ ಸುಳ್ಳೆಂದು ನಾನು ಹೇಳುವುದಿಲ್ಲ. ಅದು ಅಗ್ಗದ ಮನ್ನಣೆ, ಏಕೆಂದರೆ ಗಾಜಿನ ಹಿಂದೆ ನಿಂತ ಕಾರಿಗೆ ಚಾಲಕ ಬೇಕಿಲ್ಲ.

ಮಾರುಕಟ್ಟೆಯ ಮನ್ನಣೆಗೂ ಬೆಲೆ ತೆರಬೇಕಾಗಿದೆ. 1990ರ ದಶಕದ ಪಶ್ಚಿಮ ಕರಾವಳಿಯ ರ‍್ಯಾಪ್ ವಿಡಿಯೊಗಳು ಈ ಕಾರುಗಳನ್ನು ಜಗತ್ತಿಗೆ ತೋರಿಸಿದವು. ಜಪಾನಿನ ನಗೋಯಾ, ಒಸಾಕಾಗಳಲ್ಲಿ, ಬ್ರೆಜಿಲ್ಲಿನ ಸಾವೊ ಪಾಲೊದಲ್ಲಿ ಕ್ಲಬ್ಬುಗಳು ಹುಟ್ಟಿಕೊಂಡವು, ಅಮೆರಿಕದಿಂದ ಇಂಪಾಲಾಗಳು ಹಡಗು ಹತ್ತಿದವು. ಬಡವರು ಅಗ್ಗಕ್ಕೆ ಸಿಗುತ್ತದೆಂದು ಆರಿಸಿಕೊಂಡಿದ್ದ ಕಾರು ಇವತ್ತು ಸಂಗ್ರಾಹಕರ ಸ್ವತ್ತು, ಒಳ್ಳೆಯ ಸ್ಥಿತಿಯ 1964ರ ಇಂಪಾಲಾ ಕೂಲಿ ಮಾಡುವವನ ಕೈಗೆಟಕುವುದಿಲ್ಲ. ಹಾಗಾಗಿ ಈಗಿನ ಹುಡುಗರು 1980ರ ದಶಕದ ಓಲ್ಡ್ಸ್‌ಮೊಬೈಲ್ ಕಟ್ಲಾಸ್, ಬ್ಯೂಯಿಕ್ ರೀಗಲ್, ಷೆವ್ರೊಲೆ ಮಾಂಟೆ ಕಾರ್ಲೊಗಳತ್ತ ಹೊರಳಿದ್ದಾರೆ. ಹಿರಿಯರು ಮೊದಮೊದಲು ಮೂಗು ಮುರಿದರು. ಆದರೆ ಅವರ ಕಾಲದಲ್ಲಿ 1950ರ ಷೆವ್ರೊಲೆಗೂ ಇದ್ದದ್ದು ಇಂಥದೇ ಸ್ಥಾನ, ಬೇರೆಯವರು ಓಡಿಸಿ ಬಿಟ್ಟ ಹಳೆಯ ಕಾರು. ಕಟ್ಲಾಸ್‌ನ ಹಿಂಬದಿಯಲ್ಲೂ ಸುರುಳಿ ಸ್ಪ್ರಿಂಗೇ ಇದೆ, ಸಿಲಿಂಡರ್ ಸಲೀಸಾಗಿ ಕೂರುತ್ತದೆ.